ರೋಸಕುಟ್ಟಿಯ ಹೆಸರಿನ ನೆಲ

ಸಿಸ್ಟರ್ ಗ್ರಾಸಿಯಳನ್ನು ಸಾಕ್ಷಿಕಟ್ಟೆಗೆ ಕರೆಸುತ್ತಾರಂತೆ ಎಂದು ದೇವಸ್ಯ ಬಾಗಿಲಲ್ಲೇ ನಿಂತು ಹೇಳಿದಾಗ ಬ್ರಿಜಿತ ಬೆಂದ ಮರಗೆಣಸಿನ ನೀರು ಬಸಿಯುತ್ತಿದ್ದಳು. ಪಾತ್ರೆ ಜಾರಿ ಅರ್ಧ ಗೆಣಸು ಒಲೆಯ ಬೂದಿಗೆ ಬಿತ್ತು. ಅದನ್ನು ಆರಿಸುವ ಗೊಡವೆಗೆ ಹೋಗದೆ ಅವಳು ಗಂಡನ ಮುಖ ನೋಡಿದಳು. ವರ್ಷಗಟ್ಟಲೆ ಎಳೆದಾಡಿದ ಮೊಕದ್ದಮೆಯಲ್ಲಿ ಏನೇನೋ ಆಗಿಹೋಗಿತ್ತು. ಆದರೆ ಅದು ನಾದಿನಿಯ ತನಕ ಹೋದೀತೆಂದು ಆ ಮನೆಯಲ್ಲಿ ಯಾರೂ ಎಣಿಸಿರಲಿಲ್ಲ.

"ಯಾರು ಕರೆಸ್ತಿರೋದು, ನಮ್ಮ ವಕೀಲರಾ?"

"ನಮ್ಮವರು ಯಾಕೆ ಕರೆಸ್ತಾರೆ, ಹುಚ್ಚಾ? ಸ್ಕರಿಯನ ಕಡೆಯವರು."

ಸ್ಕರಿಯ ಹಳ್ಳದಾಚೆಯ ಮನೆಯವನು. ಭಾನುವಾರ ಚರ್ಚಿನಲ್ಲಿ ಇವರ ಮುಂದಿನ ಬೆಂಚಿನಲ್ಲೇ ಕೂರುತ್ತಾನೆ, ಪೂಜೆ ಮುಗಿದ ಮೇಲೆ ನಗುನಗುತ್ತಲೇ ಕುಶಲ ಕೇಳುತ್ತಾನೆ, ಸೋಮವಾರ ಇವರ ಮೇಲೆ ಹೂಡಿದ ದಾವೆಗೆ ಪೇಟೆಗೆ ಹೋಗುತ್ತಾನೆ. ಅವನ ವಾದ ಬಹಳ ಸರಳ. ದೇವಸ್ಯನ ಇಲವುಂಕಲ್ ಮನೆತನದವರು ಕೂತಿರುವ ನೆಲ ಸರ್ಕಾರ ಹಂಚಿಕೊಟ್ಟದ್ದು. ಹಕ್ಕುಪತ್ರ ಇರುವುದು ರೋಸಕುಟ್ಟಿ ಎಂಬವಳ ಹೆಸರಿನಲ್ಲಿ. ಯಾರ ಹೆಸರಿಗೆ ನೆಲ ಕೊಟ್ಟರೋ ಅವರು ಅಲ್ಲಿ ವಾಸವಿರಬೇಕು, ಇಲ್ಲವೇ ತಾವೇ ಬೆಳೆಯಬೇಕು ಎಂಬುದು ಕರಾರು. ರೋಸಕುಟ್ಟಿ ಅಲ್ಲಿ ಒಂದು ದಿನವೂ ಬಾಳಿಲ್ಲ, ಒಂದು ಗಿಡವನ್ನೂ ನೆಟ್ಟಿಲ್ಲ. ಆದ್ದರಿಂದ ಹಂಚಿಕೆ ರದ್ದಾಗಬೇಕು, ಮೊದಲು ಅಲ್ಲಿ ಕಾಡು ಕಡಿದವನು ತನ್ನಪ್ಪನಾದ್ದರಿಂದ ನೆಲ ತನಗೆ ಬರಬೇಕು.

ಈ ರೋಸಕುಟ್ಟಿಯೇ ಸಿಸ್ಟರ್ ಗ್ರಾಸಿಯ, ದೇವಸ್ಯನ ತಂಗಿ. ಹದಿನೆಂಟಕ್ಕೇ ಕನ್ಯಾಮಠ ಸೇರಿ, ಈಗ ಎಲ್ಲೋ ಉತ್ತರದಲ್ಲಿ ಮಠದ ಆಸ್ಪತ್ರೆಯಲ್ಲಿ ರೋಗಿಗಳ ಆರೈಕೆ ಮಾಡಿಕೊಂಡಿದ್ದಾಳೆ.

ಹೆಸರು ಅವಳದ್ದಾದದ್ದು ಬ್ರಿಜಿತಳ ಮಾವ ಇಟ್ಟಿಯವಿರನ ಬುದ್ಧಿವಂತಿಕೆಯಿಂದ. ಗುಡ್ಡ ಹತ್ತಿ ಬಂದು ಕಾಡು ಕಡಿದು ನೆಲೆ ನಿಂತವರಿಗೆ ಸರ್ಕಾರ ಕಡೆಗೂ ಹಕ್ಕುಪತ್ರ ಕೊಡಲು ಹೊರಟಾಗ ಒಬ್ಬರಿಗೆ ಇಷ್ಟೇ ಎಂಬ ಮಿತಿಯಿತ್ತು. ಮಿಕ್ಕಿದ್ದನ್ನು ಏನು ಮಾಡುವುದು? ಊರಿನವರೆಲ್ಲ ಹೆಸರು ಹುಡುಕಿದರು. ಅಳಿಯನ ಹೆಸರಿಗೆ ಬರೆಸಿದವರು ಅಳಿಯನ ಬಾಲ ಹಿಡಿಯಬೇಕಾಯಿತು. ಮಗಳ ಹೆಸರಿಗೆ ಬರೆಸಿದವರ ನೆಲ ಮಗಳ ಜೊತೆಗೇ ಗಂಡನ ಮನೆಗೆ ನಡೆಯಿತು. ಇಟ್ಟಿಯವಿರ ಮಾತ್ರ ಮಠಕ್ಕೆ ಹೊರಟುನಿಂತ ಮೂರನೆಯ ಮಗಳ ಹೆಸರಿಗೆ ಬರೆಸಿದ. ಕನ್ಯಾಸ್ತ್ರೀ ನೆಲವನ್ನು ಎಲ್ಲಿಗೂ ಹೊತ್ತೊಯ್ಯುವುದಿಲ್ಲ, ಪಾಲು ಕೇಳುವುದಿಲ್ಲ, ಬಡತನದ ವ್ರತ ಹಿಡಿದವಳು. ಈ ಉಪಾಯವನ್ನು ಊರು ಬಹಳ ಕಾಲ ಮೆಚ್ಚಿಕೊಂಡಿತ್ತು. ಆಮೇಲೆ ಇಟ್ಟಿಯವಿರನ ಸ್ವಂತ ಹೆಸರಿನಲ್ಲಿದ್ದ ತುಂಡು ದೊಡ್ಡ ಹೆಣ್ಣುಮಕ್ಕಳಿಬ್ಬರ ಮದುವೆಗೂ ಅವನ ಕಡೆಗಾಲದ ಕಾಯಿಲೆಗೂ ಕರಗಿತು. ಉಳಿದದ್ದು ರೋಸಕುಟ್ಟಿಯ ತುಂಡೇ. ಈಗಿನ ಮನೆ ಕಟ್ಟಿದ್ದು ಅದರಲ್ಲಿ, ಏಲಕ್ಕಿ ಒಣಗಿಸುವ ಗೂಡು ಎಬ್ಬಿಸಿದ್ದು ಅದರಲ್ಲಿ. ಬರೀ ಕಲ್ಲುಮುಳ್ಳಾಗಿದ್ದ ಇಳಿಜಾರಿನಲ್ಲಿ ಏಲಕ್ಕಿ ನೆಟ್ಟವಳು ಬ್ರಿಜಿತ. ಅಲ್ಲಿ ಅವಳ ಕೈ ಮುಟ್ಟದ ಒಂದು ಬುಡವಿರಲಿಲ್ಲ.

ರಾತ್ರಿ ಊಟಕ್ಕೆ ಕೂತಾಗ ಮಗಳು ಲಿನ್ಸಿಗೆ ವಿಷಯ ತಿಳಿಯಿತು. ಅವಳು ಪೇಟೆಯ ಸಹಕಾರಿ ಬ್ಯಾಂಕಿನಲ್ಲಿ ಕೆಲಸ ಮಾಡುವವಳು, ನಾಲಿಗೆ ಸ್ವಲ್ಪ ಚುರುಕು.

"ಮನೇಲಿ ಒಬ್ಬರಾದ್ರೂ ಸುಳ್ಳು ಹೇಳದೋರು ಇದ್ದಾರಲ್ಲ ಅಂತ ಹೆಮ್ಮೆ ಪಡ್ತಿದ್ದೆ," ಎಂದಳು ಮೀನಿನ ಮುಳ್ಳು ತೆಗೆಯುತ್ತ. "ಈಗ ನೋಡಿದ್ರೆ ಅದೇ ನಮ್ಮ ಕುತ್ತಿಗೆಗೆ ಬಂತು."

"ಬಾಯ್ಮುಚ್ಚು," ಎಂದಳು ಅಜ್ಜಿ ಏಲಿಕ್ಕುಟ್ಟಿ. ಆ ಮನೆಯಲ್ಲಿ ಎಲ್ಲರಿಗೂ ಅವಳು ಅಮ್ಮಚ್ಚಿ. "ಅವಳು ದೇವರು ಕರೆದ ಹುಡುಗಿ. ಹನ್ನೆರಡು ವರ್ಷಕ್ಕೇ ಮಠಕ್ಕೆ ಹೋಗ್ತೀನಿ ಅಂತ ಹಟ ಹಿಡಿದೋಳು. ದೇವರೇ ಅವಳ ಬಾಯಲ್ಲಿ ಸರಿಯಾದ ಮಾತು ಹಾಕ್ತಾನೆ."

ದೇವರು ಹಾಕುವ ಮಾತಿನ ಬಗ್ಗೆ ವಕೀಲರಿಗೆ ಅಷ್ಟು ಭರವಸೆ ಇರಲಿಲ್ಲ. ಮರುದಿನ ಅವರೇ ಒಂದು ಮಾತು ಹೊಂದಿಸಿಕೊಟ್ಟರು. ಅಣ್ಣ ತನ್ನ ಪರವಾಗಿ ಬೆಳೆಯುತ್ತಿದ್ದಾನೆ, ತಾನು ಬಂದು ಅಲ್ಲೇ ವಾಸ ಮಾಡುವ ಉದ್ದೇಶವಿದೆ ಎಂದು ಸಿಸ್ಟರ್ ಹೇಳಿದರೆ ಸಾಕು. ಉದ್ದೇಶ ಮನಸ್ಸಿನೊಳಗಿನ ಸಂಗತಿ, ಅದನ್ನು ಸುಳ್ಳೆಂದು ಯಾರೂ ಸಾಬೀತು ಮಾಡಲಾರರು. ಇಷ್ಟನ್ನು ಹೇಳದಿದ್ದರೆ ಮನೆ ಖಾಲಿ ಮಾಡುವ ಏರ್ಪಾಟು ನೋಡಿಕೊಳ್ಳಿ ಎಂದು ಅವರು ನಗದೆ ಹೇಳಿ ಕಳಿಸಿದರು.

ಅಮ್ಮಚ್ಚಿ ಫೋನು ಮಾಡಿ ಅತ್ತಳು. ದೇವಸ್ಯ ಮಾಡಿ ರೇಗಿದ. ಆಣೆ ಇಟ್ಟು ಇಲ್ಲದ್ದನ್ನು ಹೇಳಲಾರೆ ಎಂಬ ಒಂದೇ ಉತ್ತರ ಇಬ್ಬರಿಗೂ ಸಿಕ್ಕಿತು. ಕೊನೆಗೆ ಬ್ರಿಜಿತ ಫೋನು ಹಿಡಿದು ಹಿತ್ತಲಿಗೆ ಹೋದಳು. ನಾದಿನಿಯೊಡನೆ ಅವಳು ಅಷ್ಟು ಹೊತ್ತು ಮಾತಾಡಿದ್ದು ಅದೇ ಮೊದಲು. ಮೂರು ವರ್ಷಕ್ಕೊಮ್ಮೆ ಬರುವ ಸಿಸ್ಟರ್ ಮಧ್ಯಾಹ್ನ ಉಂಡು, ಲಿನ್ಸಿಯ ಹಣೆ ಮುಟ್ಟಿ, ಸಂಜೆಗೆ ಚರ್ಚಿನ ಪಕ್ಕದ ಮಠಕ್ಕೆ ಮಲಗಲು ಹೋಗಿಬಿಡುತ್ತಿದ್ದಳು. ಕನ್ಯಾಸ್ತ್ರೀಯರು ಹುಟ್ಟಿದ ಮನೆಯಲ್ಲಿ ರಾತ್ರಿ ಕಳೆಯುವ ಪದ್ಧತಿ ಅಲ್ಲಿಲ್ಲ.

"ಸುಳ್ಳು ಹೇಳಿ ಅಂತ ನಾನು ಕೇಳ್ತಿಲ್ಲ ಸಿಸ್ಟರ್," ಎಂದಳು ಬ್ರಿಜಿತ. "ನಿಮಗೂ ವಯಸ್ಸಾಗುತ್ತೆ. ಮುಂದೊಂದು ದಿನ ಬರಬೇಕು ಅನ್ನಿಸಬಾರದಾ?"



"ಬಂದ್ರೆ ಇರಿಸ್ಕೊಳ್ತೀಯಾ ಅತ್ತಿಗೆ?"

"ಅಯ್ಯೋ, ಇದೇನು ಕೇಳೋ ಮಾತಾ? ನಿಮ್ಮ ಮನೆ. ಬನ್ನಿ."

ಬಾಗಿಲಿಗೆ ಬಂದ ಯಾರಿಗಾದರೂ ಹೇಳುವ ಹಾಗೆ ಹೇಳಿದ ಮಾತು ಅದು. ಸಿಸ್ಟರ್ ಸರಿ ಎಂದು ಫೋನಿಟ್ಟಳು. ಕೆಲಸ ಆಯಿತು ಎಂದು ಬ್ರಿಜಿತ ಒಳಗೆ ಬಂದು ಹೇಳಿದಾಗ ದೇವಸ್ಯ ಹೆಂಡತಿಯನ್ನು ಹೊಸದಾಗಿ ನೋಡುವವನಂತೆ ನೋಡಿದ, ಕರಿ ಚಹಾವನ್ನು ತಾನೇ ಮಾಡಿ ತಂದುಕೊಟ್ಟ.

ವಿಚಾರಣೆಯ ದಿನ ನ್ಯಾಯಾಲಯದ ಮೆಟ್ಟಿಲ ಮೇಲೆ ಸ್ಕರಿಯ ಇವರನ್ನು ಕಂಡು ಕೈಮುಗಿದ. ಸಿಸ್ಟರ್ ಬಾಯಿಂದ ನಿಜ ಬಂದರೆ ತನಗಷ್ಟೇ ಸಾಕು ಎಂದು ಯಾರಿಗೋ ಹೇಳುತ್ತಿದ್ದದ್ದು ಬ್ರಿಜಿತಳ ಕಿವಿಗೆ ಬಿತ್ತು. ಸಾಕ್ಷಿಕಟ್ಟೆಯಲ್ಲಿ ಬಿಳಿ ಉಡುಪಿನ ನಾದಿನಿ ಸಣ್ಣಗೆ ಕಂಡಳು. ಉತ್ತಿದ್ದೀರಾ ಎಂದರೆ ಇಲ್ಲ ಎಂದಳು. ಬಿತ್ತಿದ್ದೀರಾ ಎಂದರೆ ಇಲ್ಲ ಎಂದಳು. ಒಂದು ರಾತ್ರಿಯಾದರೂ ಅಲ್ಲಿ ಮಲಗಿದ್ದೀರಾ ಎಂದರೆ ಅದಕ್ಕೂ ಇಲ್ಲ. ಸ್ಕರಿಯನ ವಕೀಲರು ಸಂತೋಷದಿಂದ ಕೂತುಬಿಟ್ಟರು.  ಆಗ ಇವರ ವಕೀಲರು ಎದ್ದು, ಆ ನೆಲದಲ್ಲಿ ಬಂದು ಇರುವ ಉದ್ದೇಶ ನಿಮಗಿದೆಯೇ ಎಂದು ಕೇಳಿದರು.

ಸಿಸ್ಟರ್ ಜನರ ನಡುವೆ ಬ್ರಿಜಿತಳನ್ನು ಹುಡುಕಿ ಅವಳನ್ನೇ ನೋಡಿದಳು. ಬ್ರಿಜಿತ ತಲೆಯಾಡಿಸಿದಳು.

"ಇದೆ," ಎಂದಳು ಸಿಸ್ಟರ್. "ಬಂದು ಇರ್ತೀನಿ. ನನ್ನ ಕೈಲಾದಷ್ಟು ಬೆಳೀತೀನಿ."

ತೀರ್ಪು ಬರಲು ಕೆಲವು ವಾರ ಹಿಡಿಯಿತು. ಆ ವಾರಗಳಲ್ಲಿ ಏಲಕ್ಕಿಯ ಮೂರನೇ ಕೊಯ್ಲು ಮುಗಿಯಿತು, ಗೂಡಿನ ತಗಡು ಬದಲಾಯಿತು, ಲಿನ್ಸಿ ಅಪ್ಪನೊಡನೆ ಜಗಳವಾಡಿ ತನ್ನ ಸ್ಕೂಟರಿನ ಕಂತು ಕಟ್ಟಿಸಿಕೊಂಡಳು. ಆಮೇಲೆ ಒಂದು ಶುಕ್ರವಾರ ವಕೀಲರ ಫೋನು ಬಂತು. ಹಂಚಿಕೆ ಊರ್ಜಿತ, ಸ್ಕರಿಯನ ದಾವೆ ವಜಾ. ಹಕ್ಕುಳ್ಳವಳು ತಾನೇ ಬಂದು ವಾಸ ಮಾಡುವುದಾಗಿ ಆಣೆಯಿಟ್ಟು ಹೇಳಿದ್ದನ್ನು ನ್ಯಾಯಾಧೀಶರು ನಂಬಿದ್ದರು, ಆ ಮಾತಿನ ಮೇಲೆಯೇ ತೀರ್ಪು ನಿಂತಿತ್ತು.

ಶುಕ್ರವಾರ ಮಾಂಸ ತಿನ್ನದ ಅಮ್ಮಚ್ಚಿಗಾಗಿ ಹಬ್ಬವನ್ನು ಶನಿವಾರಕ್ಕೆ ಮುಂದೂಡಿದರು. ಬ್ರಿಜಿತ ತೆಂಗಿನ ಚೂರು ಹಾಕಿ ದನದ ಮಾಂಸ ಹುರಿದಳು, ಅಕ್ಕಪಕ್ಕದ ನಾಲ್ಕು ಮನೆಗೆ ಕಳಿಸಿದಳು. ಗ್ರಾಮ ಕಚೇರಿಯವರು ಪರಿಶೀಲನೆಗೆ ಬಂದರೆ ಏನು ಮಾಡುತ್ತೀರಿ ಎಂದು ಲಿನ್ಸಿ ಕೇಳಿದಾಗ, ಸಿಸ್ಟರ್ ಪ್ರಾರ್ಥನೆಗೆ ಹೋಗಿದ್ದಾಳೆ ಅಂದರಾಯಿತು, ಅದೇನೂ ಸುಳ್ಳಲ್ಲವಲ್ಲ ಎಂದು ದೇವಸ್ಯ ತೊಡೆ ತಟ್ಟಿಕೊಂಡು ನಕ್ಕ. ಎಲ್ಲರೂ ನಕ್ಕರು, ಬ್ರಿಜಿತಳೂ ನಕ್ಕಳು.

ಮುಂದಿನ ವಾರ ಮಧ್ಯಾಹ್ನ ಒಂದು ಜೀಪು ಬಂದು ನಿಂತಿತು. ಅದರಿಂದಿಳಿದ ಹೆಂಗಸು ತಿಳಿನೀಲಿ ಸೀರೆ ಉಟ್ಟಿದ್ದಳು. ನೆರೆತ ಕೂದಲನ್ನು ತೀರ ಚಿಕ್ಕದಾಗಿ ಕತ್ತರಿಸಿಕೊಂಡಿದ್ದಳು. ಯಾರೋ ಹರಕೆಯ ಹಣಕ್ಕೆ ಬಂದವರೆಂದು ಬ್ರಿಜಿತ ಸೆರಗಿನಲ್ಲಿ ಕೈ ಒರೆಸಿಕೊಳ್ಳುತ್ತ ಹೊರಬಂದಳು. ಜೀಪಿನವನು ಒಂದು ತಗಡಿನ ಪೆಟ್ಟಿಗೆ ಇಳಿಸಿದ. ಆಗ ಆ ಹೆಂಗಸು ನಕ್ಕಳು, ನಗುವಿನಿಂದ ಗುರುತು ಸಿಕ್ಕಿತು.  ನಾದಿನಿಗೆ ಕೂದಲಿದೆ ಎಂಬುದನ್ನೇ ಬ್ರಿಜಿತ ಅದುವರೆಗೆ ಯೋಚಿಸಿರಲಿಲ್ಲ.

"ನೀನು ಬಾ ಅಂದೆಯಲ್ಲ," ಎಂದಳು ರೋಸಕುಟ್ಟಿ.

ಸಂಜೆಯ ಜಪಮಾಲೆಯ ಪ್ರಾರ್ಥನೆ ಅರ್ಧಕ್ಕೇ ನಿಂತಿತು. ಮಠ ಬಿಡಲು ಅರ್ಜಿ ಹಾಕಿದ್ದೇನೆ, ಪೂರ್ತಿ ಬಿಡುಗಡೆಗೆ ಕಾಲ ಹಿಡಿಯುತ್ತದೆ, ಅಲ್ಲಿಯವರೆಗೆ ಹೊರಗಿರಲು ಒಪ್ಪಿದ್ದಾರೆ ಎಂದು ರೋಸಕುಟ್ಟಿ ಶಾಂತವಾಗಿ ಹೇಳಿದಳು. ಅಮ್ಮಚ್ಚಿ ಮಣಿಮಾಲೆಯನ್ನು ಮುಷ್ಟಿಯಲ್ಲಿ ಹಿಡಿದು ಗೋಡೆಗೆ ಒರಗಿಬಿಟ್ಟಳು. ಮಠದಿಂದ ಮರಳಿದ ಹೆಣ್ಣು ಆ ಊರಿನಲ್ಲಿ ಯಾವ ಮನೆಯಲ್ಲೂ ಇರಲಿಲ್ಲ. ಗಂಡ ಬಿಟ್ಟವಳನ್ನು ಜನ ಎಷ್ಟು ಆಡಿಕೊಳ್ಳುತ್ತಾರೋ ಅದರ ಹತ್ತರಷ್ಟು ಇದಕ್ಕೆ.

"ಅದು ಕೋರ್ಟಿಗೆ ಹೇಳಿದ ಮಾತು ಕಣೇ," ಎಂದ ದೇವಸ್ಯ.  "ಎಲ್ಲರೂ ಹೇಳ್ತಾರೆ. ಹೇಳಿ ಬರ್ತಾರೆ. ಯಾರಾದ್ರೂ ಪೆಟ್ಟಿಗೆ ಹೊತ್ಕೊಂಡು ಬರ್ತಾರಾ?"

"ಸುಳ್ಳು ಹೇಳಲ್ಲ ಅಂತ ನಾನು ಮೊದಲೇ ಹೇಳಿದ್ದೆ ಅಣ್ಣ. ಮೂರು ಜನಾನೂ ಫೋನ್ ಮಾಡಿದ್ರಿ. ಆಮೇಲೆ ಇಡೀ ರಾತ್ರಿ ಯೋಚನೆ ಮಾಡಿದೆ. ಹೇಳಿದ್ರೆ ಬರಲೇಬೇಕು. ಬರೋಕೆ ನನಗೆ ಇಷ್ಟ ಇದೆಯಾ ಅಂತ ನನ್ನನ್ನೇ ಕೇಳಿಕೊಂಡೆ. ಇತ್ತು."

"ದೇವರಿಗೆ ಕೊಟ್ಟ ಹುಡುಗಿ ನೀನು," ಎಂದಳು ಅಮ್ಮಚ್ಚಿ. "ಕೊಟ್ಟಿದ್ದನ್ನ ವಾಪಸ್ ತಗೊಂಡ ಹಾಗಾಯ್ತಲ್ಲೇ."

"ದೇವರಿಗೆ ಕೊಟ್ಟಿದ್ದು ನನ್ನನ್ನ. ನೆಲಾನ ನೀವೇ ಇಟ್ಕೊಂಡ್ರಿ."

"ನೀನೇ ಹೋಗ್ತೀನಿ ಅಂದಿದ್ದು."

ರೋಸಕುಟ್ಟಿ ತಾಯಿಯ ಕಡೆ ತಿರುಗಿದಳು. 

"ಅಪ್ಪಚ್ಚನ್ ಹಕ್ಕುಪತ್ರ ತಂದ ದಿನ ಹಳೇ ಮನೆಯ ಅಡುಗೆಮನೆ ಬಾಗಿಲಲ್ಲಿ ನಿಂತು ಏನಂದ್ರು ಗೊತ್ತಾ ಅಮ್ಮಚ್ಚಿ? ನಿನ್ನ ಪಾಲನ್ನ ನೆಲವಾಗಿ ಬರೆಸಿದ್ದೀನಿ, ಇನ್ನು ವರದಕ್ಷಿಣೆಗೆ ಅಂತ ನನ್ನ ಹತ್ರ ಏನೂ ಕೇಳಬೇಡ ಅಂದ್ರು. ನಾನು ಏನನ್ನೂ ಕೇಳೇ ಇರಲಿಲ್ಲ. ಮಾರನೇ ವಾರ ಮಠದ ತಾಯಂದಿರು ನನ್ನನ್ನ ನೋಡೋಕೆ ಬಂದ್ರು."

ಯಾರೂ ಉಣ್ಣಲಿಲ್ಲ. ಹೆಸರುಕಾಳಿನ ಪಲ್ಯ ಬಾಣಲೆಯಲ್ಲೇ ಒಣಗಿತು. ಲಿನ್ಸಿ ಮಾತ್ರ ಎದ್ದು ತನ್ನ ಹಾಸಿಗೆಯನ್ನು ಅತ್ತೆಗೆ ಬಿಟ್ಟುಕೊಟ್ಟು, ಚಾಪೆ ಹಾಸಿಕೊಂಡಳು. 

ಬ್ರಿಜಿತ ಮಲಗಿದಲ್ಲೇ ಹೊರಳಾಡಿದಳು. ಭಯ ಅವಳಿಗೆ ನೇರವಾಗಿಯೇ ಇತ್ತು. ನಾದಿನಿ ಹೋಗಿ ಎಂದರೆ ಹೋಗಬೇಕು. ಗೂಡು, ಗಿಡ, ಅಡುಗೆಮನೆ, ಯಾವುದೂ ತನ್ನದಲ್ಲ. ಬೆಳಿಗ್ಗೆ ಬಾವಿಕಟ್ಟೆಯಲ್ಲಿ ನಾದಿನಿ ಮುಖ ತೊಳೆಯುತ್ತಿದ್ದಾಗ ಅವಳು ಹೋಗಿ ಸುತ್ತಿಬಳಸದೆ ಕೇಳಿಯೇಬಿಟ್ಟಳು.

"ನಮ್ಮನ್ನ ಹೊರಗೆ ಹಾಕ್ತೀರಾ ಸಿಸ್ಟರ್?"

"ಮನೆಯಿಂದ ಹೊರಗೆ ಹಾಕೋದು ಅಂದ್ರೆ ಏನು ಅಂತ ನನಗೆ ಗೊತ್ತು ಅತ್ತಿಗೆ. ಅದನ್ನ ನಾನು ಯಾರಿಗೂ ಮಾಡಲ್ಲ. ಆದ್ರೆ ನೆಲ ಬಿಟ್ಟುಕೊಟ್ಟೆ ಅಂತ ಸಹಿ ಕೇಳಬೇಡಿ. ಹಾಕಲ್ಲ."

ಸುದ್ದಿ ಭಾನುವಾರದ ಹೊತ್ತಿಗೆ ಗುಡ್ಡದಿಂದ ಗುಡ್ಡಕ್ಕೆ ಹಬ್ಬಿತ್ತು. ಚರ್ಚಿನಲ್ಲಿ ರೋಸಕುಟ್ಟಿ ಕೂತ ಬೆಂಚಿನಲ್ಲಿ ಬೇರೆ ಹೆಂಗಸರು ಕೂರಲಿಲ್ಲ. ಸ್ಕರಿಯ ಒಮ್ಮೆ ತಿರುಗಿ ನೋಡಿದವನು ಮತ್ತೆ ತಿರುಗಲಿಲ್ಲ. ಅವನ ಮುಖದ ನಗು ಅವತ್ತು ಎಲ್ಲೋ ಹೋಗಿತ್ತು. ಪಾದ್ರಿಗಳು ಮನೆಗೇ ಬಂದು ಒಂದು ಗಂಟೆ ಬುದ್ಧಿ ಹೇಳಿದರು. ರೋಸಕುಟ್ಟಿ ಎಲ್ಲವನ್ನೂ ಕೇಳಿಸಿಕೊಂಡಳು. ಹಾಗಾದರೆ ನ್ಯಾಯಾಲಯಕ್ಕೆ ಹೋಗಿ ನಾನು ಆಣೆಯಿಟ್ಟು ಸುಳ್ಳು ಹೇಳಿದೆ ಎನ್ನಲೇ, ತಾವೇ ಹೇಳಿ ಎಂದು ಕೇಳಿದಳು. ಪಾದ್ರಿಗಳು ಕರಿ ಚಹಾ ಕುಡಿದು ಎದ್ದರು.

ಅಮ್ಮಚ್ಚಿ ಮಗಳು ಇರುವ ಕೋಣೆಗೆ ಕಾಲಿಡಲಿಲ್ಲ. ಅಡುಗೆಮನೆಯ ಮೂಲೆಯಲ್ಲಿ ಕೂತು ಸಣ್ಣ ಈರುಳ್ಳಿ ಸುಲಿಯುತ್ತಿದ್ದಳು. ಬೇಡದಿದ್ದರೂ ಸುಲಿಯುತ್ತಿದ್ದಳು. ಒಂದು ಮಧ್ಯಾಹ್ನ ಮನೆಯಲ್ಲಿ ಬೇರಾರೂ ಇಲ್ಲದಾಗ ಬ್ರಿಜಿತ ಅವಳೆದುರು ಕುಕ್ಕರುಗಾಲಲ್ಲಿ ಕೂತಳು. ಮದುವೆಯಾಗಿ ಬಂದ ಲಾಗಾಯ್ತು ಪ್ರತಿ ಹಬ್ಬದಲ್ಲೂ ಕೇಳಿದ ಕಥೆ ಅದು. ಹನ್ನೆರಡು ವರ್ಷದ ಹುಡುಗಿ ಮಠಕ್ಕೆ ಹೋಗುತ್ತೇನೆಂದು ಹಟ ಹಿಡಿದದ್ದು, ಮೂರು ದಿನ ಉಣ್ಣದಿದ್ದದ್ದು.

"ಅಮ್ಮಚ್ಚಿ, ಅವಳಿಗೆ ದೇವರ ಕರೆ ಬಂದಿದ್ದು ನಿಜಾನಾ?"

ಮುದುಕಿ ಈರುಳ್ಳಿಯಿಂದ ತಲೆಯೆತ್ತಲಿಲ್ಲ.

"ಮೂರು ಹೆಣ್ಣುಮಕ್ಕಳು," ಎಂದಳು. "ಇಬ್ಬರ ಮದುವೆಗಾಗೋಷ್ಟೇ ಇತ್ತು."

 ಅಮ್ಮಚ್ಚಿ ಮತ್ತೊಂದು ಈರುಳ್ಳಿ ಎತ್ತಿಕೊಂಡಳು. ಉಪವಾಸ ಕೂತದ್ದು ನಿಜವಾ ಎಂದು ಕೇಳುವ ಧೈರ್ಯ ಬ್ರಿಜಿತಳಿಗೆ ಬರಲಿಲ್ಲ. ಉಪವಾಸ ಕೂತಿದ್ದರೆ ಅದು ಹೋಗಲಾರೆನೆಂದೇ ಇರಬೇಕೆಂಬುದು ಈಗ ಅವಳಿಗೆ ಹೊಳೆಯತೊಡಗಿತ್ತು.  ತಾನು ದಿನಾ ಒಲೆ ಹಚ್ಚುವ ಜಾಗ, ತಾನು ಮಗಳನ್ನು ಹೆತ್ತ ಕೋಣೆ, ಎಲ್ಲವೂ ಆ ಹುಡುಗಿಯ ಬದುಕನ್ನು ಕೊಟ್ಟು ಕೊಂಡದ್ದು. ಅದನ್ನು ತಿಳಿದೂ ಊರು ಉಪಾಯವೆಂದು ಹೊಗಳಿತ್ತು.

ಅವಳು ಎದ್ದು ಇಳಿಜಾರಿಗೆ ಹೋದಳು. ರೋಸಕುಟ್ಟಿ ಲಿನ್ಸಿಯ ಹಳೆಯ ರಬ್ಬರ್ ಬೂಟು ಹಾಕಿಕೊಂಡು ಏಲಕ್ಕಿಯ ಬುಡದಲ್ಲಿ ಒಣಗಿದ ಎಲೆಯನ್ನು ಕತ್ತಿಯಿಂದ ಸವರುತ್ತಿದ್ದಳು, ಹಸಿರಿನದ್ದನ್ನೂ ಸೇರಿಸಿ ಸವರುತ್ತಿದ್ದಳು. ಬೇರೆ ಯಾರಾದರೂ ಆಗಿದ್ದರೆ ಬ್ರಿಜಿತ ಬೈದು ಕತ್ತಿ ಕಿತ್ತುಕೊಳ್ಳುತ್ತಿದ್ದಳು. ಈಗ ಅವಳ ಕೈ ಹಿಡಿದು ಯಾವುದನ್ನು ಬಿಡಬೇಕು, ಯಾವುದನ್ನು ತೆಗೆಯಬೇಕೆಂದು ತೋರಿಸಿದಳು. ಇಬ್ಬರೂ ಕತ್ತಲಾಗುವ ತನಕ ಸವರಿದರು.

ಆ ರಾತ್ರಿ ಗಂಜಿ ಉಂಡಾದ ಮೇಲೆ ದೇವಸ್ಯ ಹೆಂಡತಿಯನ್ನು ಅಂಗಳಕ್ಕೆ ಕರೆದ. ಪೇಟೆಗೆ ಹೋಗಿ ವಕೀಲರನ್ನು ಕಂಡು ಬಂದಿದ್ದ. ದಾರಿಯಿದೆಯಂತೆ. ರೋಸಕುಟ್ಟಿ ಕೆಲವು ತಿಂಗಳು ಇಲ್ಲೇ ಇದ್ದರೆ ಆಣೆಯೂ ಉಳಿಯಿತು, ಗ್ರಾಮ ಕಚೇರಿಯವರ ಕಣ್ಣಿಗೂ ಬಿತ್ತು. ಆಮೇಲೆ ನೆಲವನ್ನು ಅಣ್ಣನಿಗೆ ಒಪ್ಪಿಸಿದ್ದೇನೆಂದು ಸಹಿ ಹಾಕಿ ಮಠಕ್ಕೆ ಮರಳಬಹುದು. ಬಿಡುಗಡೆ ಇನ್ನೂ ಆಗಿಲ್ಲವಾದ್ದರಿಂದ ಅವರು ವಾಪಸು ಸೇರಿಸಿಕೊಳ್ಳುತ್ತಾರೆ. ಮನೆಯ ಮಾನವೂ ಉಳಿಯುತ್ತದೆ, ನೆಲವೂ ಉಳಿಯುತ್ತದೆ.

"ನೀನೇ ಹೇಳಬೇಕು," ಎಂದ. "ಅವತ್ತು ನಾವಿಬ್ಬರು ಹೇಳಿದ್ರೂ ಕೇಳಲಿಲ್ಲ, ನೀನು ಹೇಳಿದ್ಮೇಲೆ ಕೇಳಿದ್ಲು. ನಿನ್ನ ಮಾತಿಗೆ ಬೆಲೆ ಕೊಡ್ತಾಳೆ."

"ಹೇಳಲ್ಲ."

ಸರಿಯಾಗಿ ಕೇಳಿಸಲಿಲ್ಲವೋ ಎಂಬಂತೆ ದೇವಸ್ಯ ಮುಂದೆ ಬಾಗಿದ. ಇಷ್ಟು ವರ್ಷದ ಸಂಸಾರದಲ್ಲಿ ಅವಳು ನಾಳೆ ನೋಡೋಣ ಎಂದಿದ್ದಳು, ನಿಮ್ಮಿಷ್ಟ ಎಂದಿದ್ದಳು, ಮುಖ ಊದಿಸಿಕೊಂಡು ಪಾತ್ರೆ ಕುಕ್ಕಿದ್ದಳು. ಈ ಮಾತನ್ನು ಮಾತ್ರ ಯಾವತ್ತೂ ಆಡಿರಲಿಲ್ಲ.

"ಬಾ ಅಂತ ಒಂದು ಸಲ ಬಾಯ್ಮಾತಿಗೆ ಕರೆದೆ, ನಂಬಿ ಬಂದ್ಲು," ಎಂದಳು ಬ್ರಿಜಿತ. "ಹೋಗು ಅಂತ ಈ ಮನೆಯವರು ಒಂದು ಸಲ ಹೇಳಿ ಆಗಿದೆ. ಎರಡನೇ ಸಲ ಹೇಳೋಕೆ ನನ್ನಿಂದಾಗಲ್ಲ."

"ಹುಚ್ಚು ಹಿಡಿದಿದೆಯಾ ನಿನಗೆ? ನೀನು ನೆಟ್ಟ ಗಿಡ ಕಣೇ ಅದು. ಇನ್ನು ಸಾಯೋ ತನಕ ನಾವು ರೋಸಕುಟ್ಟಿ ನೆಲದಲ್ಲಿ ಒಕ್ಕಲಾಗಿರಬೇಕಾ?"

ಬ್ರಿಜಿತಳಿಗೆ ಅಳು ಬಂತು, ಅದನ್ನು ಅವಳು ಮುಚ್ಚಿಡಲಿಲ್ಲ. ಆ ಗಿಡಗಳ ಮೇಲಿನ ಆಸೆ ಅವಳಿಗೆ ಒಂದಿಷ್ಟೂ ಕಡಿಮೆಯಾಗಿರಲಿಲ್ಲ.

"ಇಷ್ಟು ವರ್ಷ ಏನಾಗಿದ್ವಿ ಮತ್ತೆ?" ಎಂದಳು.